ಪೇಚಿಯಮ್ಮಾಳ ಹೇಬಿಯಸ್ ಕಾಪಿ

ಪೇಚಿಯಮ್ಮಾಳಿಗೆ ಗಂಡನ ಮೇಲಿದ್ದ ಒಂದೇ ದೂರೆಂದರೆ, ಆತ ಯಾರಿಗೂ ಏನೂ ಮಾಡುವವನಲ್ಲ ಎಂಬುದು. ಪಕ್ಕದ ಮನೆಯವರು ಬಚ್ಚಲ ನೀರನ್ನು ಇವರ ಅಂಗಳಕ್ಕೆ ತಿರುಗಿಸಿದಾಗ ಸೊರಿಮುತ್ತು ಜಗಳಕ್ಕೆ ಹೋಗುವ ಬದಲು, ಆ ನೀರು ಸಲೀಸಾಗಿ ಹರಿದುಹೋಗಲೆಂದು ತಾನೇ ಕೂತು ಚೊಕ್ಕವಾದ ಕಾಲುವೆ ತೋಡಿಕೊಟ್ಟಿದ್ದ. ಬೀದಿನಾಯಿ ಗುರ್ ಎಂದರೆ ಇನ್ನೊಂದು ಬೀದಿ ಸುತ್ತಿ ಮನೆಗೆ ಬರುತ್ತಿದ್ದ. ಗೋಡೆಯ ಮೇಲೆ ಹಲ್ಲಿ ಕಂಡರೆ ಮಂಚ ಹತ್ತಿ ನಿಂತು ಹೆಂಡತಿಯನ್ನು ಕೂಗುತ್ತಿದ್ದ. ಬೀಡಿ ಕಟ್ಟುವ ಹೆಂಗಸರೆಲ್ಲ ಜಗಲಿಯ ಮೇಲೆ ಸೇರಿದಾಗ ಗಂಡಂದಿರ ಮಾತು ಬಂದೇ ಬರುತ್ತಿತ್ತು. ಒಬ್ಬಳ ಗಂಡ ಕುಡಿದು ಬಂದು ಸೊದಿ ಎಂಬ ತೆಂಗಿನಹಾಲಿನ ಸಾರಿನ ಪಾತ್ರೆಯನ್ನು ಬೀದಿಗೆಸೆದಿದ್ದ, ಇನ್ನೊಬ್ಬಳ ಗಂಡ ಸ್ವಂತ ಮಾವನ ಮೇಲೆಯೇ ಕೇಸು ಜಡಿದಿದ್ದ. ಪೇಚಿಯಮ್ಮಾಳಿಗೆ ಹೇಳಿಕೊಳ್ಳಲು ಏನೂ ಇರುತ್ತಿರಲಿಲ್ಲ. ತಲೆ ತಗ್ಗಿಸಿ ಎಲೆ ಕತ್ತರಿಸುತ್ತ ಕೂರುತ್ತಿದ್ದಳು.

ಇಂಥ ಮನುಷ್ಯನನ್ನು ಸರ್ಕಾರ ಗೂಂಡಾ ಕಾಯ್ದೆಯಲ್ಲಿ ಹಿಡಿದು ಒಳಗೆ ಹಾಕಿತು.

ಸೊರಿಮುತ್ತು ಪನೆಯಡಿಪೊಟ್ಟಲಿನ ಬಸ್ ನಿಲ್ದಾಣದ ಪಕ್ಕ ತಳ್ಳುಗಾಡಿ ಇಟ್ಟುಕೊಂಡು ಎಳನೀರು ಮಾರುತ್ತಿದ್ದ. ಗುಬ್ಬಚ್ಚಿಯಂಥ ಜೀವಕ್ಕೆ ದೇವರು ಕೊಟ್ಟಿದ್ದ ಗಂಟಲು ಮಾತ್ರ ಕೋಣನದು. ಒಂದು ಕೈಯಲ್ಲಿ ಕಾಯಿ ಹಿಡಿದು, ಇನ್ನೊಂದು ಕೈಯಲ್ಲಿ ಮಚ್ಚು ಎತ್ತಿ, ಎದುರಿಗೆ ಬಂದವರನ್ನು "ವೆಟ್ಟಟ್ಟಾ?" ಎಂದು ಕೇಳುತ್ತಿದ್ದ. ಕಡಿಯಲಾ ಎಂದು ಅದರರ್ಥ. ಆ ಕೂಗು ಕೆರೆಯ ಏರಿಯವರೆಗೂ ಕೇಳುತ್ತಿತ್ತು. ಹಾಗಾಗಿ ಊರವರು ಅವನಿಗೆ 'ವೆಟ್ಟು' ಸೊರಿಮುತ್ತು ಎಂದೇ ಹೆಸರಿಟ್ಟಿದ್ದರು. ತಲೆ ಕಡಿಯುವ ವೀರನಿಗೆ ಇಡಬೇಕಾದ ಹೆಸರು.

ಆ ವರ್ಷ ಚುನಾವಣೆ ಹತ್ತಿರವಿತ್ತು. ಪ್ರತಿ ಠಾಣೆಯೂ ತನ್ನ ಎಲ್ಲೆಯ ಗೂಂಡಾಗಳನ್ನು ಒಳಗೆ ಹಾಕಿ ಊರನ್ನು ತಣ್ಣಗಿಡಬೇಕೆಂದು ಮೇಲಿನಿಂದ ಮಾತು ಬಂದಿತ್ತು. ಹೊಸದಾಗಿ ಬಂದಿದ್ದ ಇನ್ಸ್‌ಪೆಕ್ಟರ್ ಮಾರ್ತಾಂಡನಿಗೆ ಇದು ದೊಡ್ಡ ತಲೆನೋವಾಯಿತು. ಪನೆಯಡಿಪೊಟ್ಟಲಿನಲ್ಲಿ ಹೆಸರಿಗೆ ಇದ್ದ ಒಬ್ಬನೇ ರೌಡಿ ಆಗಷ್ಟೇ ಒಂದು ಪಕ್ಷ ಸೇರಿ, ಕೈಮುಗಿದ ಪೋಸ್ಟರಾಗಿ ಠಾಣೆಯ ಎದುರು ಗೋಡೆಯ ಮೇಲೇ ನಗುತ್ತಿದ್ದ. ಅವನ ಮೆರವಣಿಗೆಗೆ ಬಂದೋಬಸ್ತು ಕೊಡುವುದು ಮಾರ್ತಾಂಡನ ಕೆಲಸವೇ ಆಗಿತ್ತು. ಗೂಂಡಾ ಎಲ್ಲಿಂದ ತರುವುದು?

ಅಷ್ಟರಲ್ಲಿ ಒಂದು ಮಧ್ಯಾಹ್ನ ಬಿತ್ತನೆ ಬೀಜದ ಏಜೆಂಟನೊಬ್ಬ, ಕಪ್ಪು ಕನ್ನಡಕದವನು, ಮೊದಲ ಸಲ ಆ ಊರಿಗೆ ಬಂದು ಬಸ್ಸಿಗೆ ಕಾಯುತ್ತ ನಿಂತಿದ್ದ. ಬಿಸಿಲಿಗೆ ಬೆವರುತ್ತಿದ್ದವನ ಮೇಲೆ ಸೊರಿಮುತ್ತುವಿಗೆ ಕನಿಕರ ಹುಟ್ಟಿತು. ಹಿಂದಿನಿಂದ ಬಂದು, ಕಿವಿಯ ಹತ್ತಿರವೇ ಮಚ್ಚು ಎತ್ತಿ, ತನ್ನ ಎಂದಿನ ಧ್ವನಿಯಲ್ಲಿ ಕೇಳಿದ. ಏಜೆಂಟ್ ತಿರುಗಿ ನೋಡಿದವನೇ ಬ್ಯಾಗನ್ನೂ ಕನ್ನಡಕವನ್ನೂ ಅಲ್ಲೇ ಬಿಟ್ಟು ಠಾಣೆಯ ಕಡೆಗೆ ಓಡಿದ.

ಅದೇ ಹೊತ್ತಿಗೆ ತಿರುನಲ್ವೇಲಿಯ ಬಸ್ಸು ಬಂತು. ಆ ಡ್ರೈವರಿಗೆ ನಿಲ್ದಾಣದಲ್ಲಿ ಬಸ್ಸು ನಿಲ್ಲಿಸಿ ಅಭ್ಯಾಸವೇ ಇಲ್ಲ, ದೂರದ ಬೇವಿನ ಮರದ ಹತ್ತಿರ ನಿಲ್ಲಿಸುತ್ತಾನೆ. ಕಾಯುತ್ತಿದ್ದವರೆಲ್ಲ ಚೀಲ, ಮಗು, ಕೋಳಿ ಎತ್ತಿಕೊಂಡು ಒಬ್ಬರ ಮೇಲೊಬ್ಬರು ಬೀಳುತ್ತ ಓಡಿದರು. ಅದು ಊಟದ ವೇಳೆಯೂ ಹೌದು. ಅಂಗಡಿಯವರು ದಡದಡ ಎಂದು ಷಟರ್ ಎಳೆದರು. ಏಜೆಂಟನ ಜೊತೆ ಓಡಿಬಂದ ಕಾನ್ಸ್‌ಟೇಬಲ್ ಕಣ್ಣಿಗೆ ಬಿದ್ದದ್ದು ಇಷ್ಟು: ದಿಕ್ಕಾಪಾಲಾಗಿ ಓಡುವ ಜನ, ಮುಚ್ಚುತ್ತಿರುವ ಅಂಗಡಿಗಳು, ನಡುವೆ ಮಚ್ಚು ಎತ್ತಿ ನಿಂತ ಸೊರಿಮುತ್ತು. ಆತ ಬ್ಯಾಗು ಹಿಂದಿರುಗಿಸಲು ಏಜೆಂಟನನ್ನು ಕೂಗುತ್ತಿದ್ದ.

ಮಾರ್ತಾಂಡನ ತಲೆನೋವು ಆ ಕ್ಷಣವೇ ಇಳಿಯಿತು. ಹಳೆಯ ಕೇಸುಗಳನ್ನು ಕೆದಕಿದಾಗ ಇನ್ನೂ ಎರಡು ಸಿಕ್ಕವು. ಒಮ್ಮೆ ಎಳನೀರಿನ ಬುರುಡೆ ಉರುಳಿ ಪೇದೆಯೊಬ್ಬರ ಹೆಬ್ಬೆರಳಿನ ಮೇಲೆ ಬಿದ್ದಿತ್ತು, ಅದು ಸರ್ಕಾರಿ ನೌಕರನ ಮೇಲೆ ಹಲ್ಲೆ. ಇನ್ನೊಮ್ಮೆ ಮಂತ್ರಿಗಳ ಕಾರು ಬರುವ ಹೊತ್ತಿಗೆ ತಳ್ಳುಗಾಡಿಯ ಚಕ್ರ ಚರಂಡಿಯಲ್ಲಿ ಸಿಕ್ಕಿಕೊಂಡಿತ್ತು, ಅದು ಸರ್ಕಾರಿ ಕೆಲಸಕ್ಕೆ ಅಡ್ಡಿ. ಸೊರಿಮುತ್ತು ಪಾಳಯಂಕೋಟೆಯ ಜೈಲು ಸೇರಿದ.

ಪೇಚಿಯಮ್ಮಾಳ್ ಹಿಡಿದದ್ದು ವಕೀಲ ಜ್ಞಾನಸಿಗಾಮಣಿಯವರನ್ನು. ಪರೋಟಾ ಅಂಗಡಿಯ ಮಹಡಿಯ ಮೇಲೆ ಅವರ ಕಚೇರಿ. ಅವರ ಕರಿಕೋಟು, ಫೈಲು, ಮಾತು ಎಲ್ಲಕ್ಕೂ ಪರೋಟಾದ ಜೊತೆ ಕೊಡುವ ಮಸಾಲೆ ಸಾರಿನ, ಸಾಲ್ನಾದ ವಾಸನೆ. ಆದರೆ ಕೆಲಸ ಬಲ್ಲವರು. ಬೇಗನೇ ಜಾಮೀನು ಕೊಡಿಸಿದರು. ಪೇಚಿಯಮ್ಮಾಳ್ ಗಂಡನಿಗೆ ಹೊಸ ಲುಂಗಿ ಕೊಂಡು ಜೈಲಿನ ಬಾಗಿಲಿಗೆ ಹೋಗಿ ನಿಂತರೆ, ಒಳಗಿನಿಂದ ಗಂಡನ ಬದಲು ಸುದ್ದಿ ಬಂತು. ಜಿಲ್ಲಾಧಿಕಾರಿಗಳು ಗೂಂಡಾ ಕಾಯ್ದೆಗೆ ಸಹಿ ಹಾಕಿದ್ದಾರೆ, ಇನ್ನು ವರ್ಷದ ಮಾತು ಎಂದು. ಲುಂಗಿ ಕಂಕುಳಲ್ಲಿಟ್ಟುಕೊಂಡೇ ಅವಳು ಪರೋಟಾ ಅಂಗಡಿಯ ಮಹಡಿ ಹತ್ತಿದಳು.

"ಜಾಮೀನು ಸಿಕ್ಕಿದ್ದು ಅವನು ಮಾಡಿದ್ದಕ್ಕೆ, ತಾಯೀ," ಎಂದರು ಜ್ಞಾನಸಿಗಾಮಣಿ. "ಈಗ ಹಿಡಿದಿಟ್ಟಿರೋದು ಮುಂದೆ ಮಾಡಬಹುದು ಅನ್ನೋದಕ್ಕೆ."

"ಮುಂದೆ ಏನ್ ಮಾಡ್ತಾರಂತೆ?"

"ಊರಿನ ಶಾಂತಿ ಕದಡ್ತಾರಂತೆ."

"ಇವ್ರಾ? ಮದ್ವೆಯಾದಾಗಿಂದ ಈ ಮನುಷ್ಯ ಏನಾದ್ರೂ ಮಾಡ್ತಾರಾ ಅಂತ ನಾನೇ ಕಾಯ್ತಾ ಕೂತಿದ್ದೀನಿ. ನನಗೇ ಇಲ್ಲದ ನಂಬಿಕೆ ಸರ್ಕಾರಕ್ಕೆ ಎಲ್ಲಿಂದ ಬಂತು, ವಕೀಲರೈಯಾ?"

ಊರಿನಲ್ಲಿ ಆಗ ಅವಳಿಗೆ ಸಿಕ್ಕ ಮರ್ಯಾದೆಯನ್ನು ಹೇಳದೆ ಬಿಡುವಂತಿಲ್ಲ. ಮೀನಿನವಳು ತಲೆ-ಬಾಲ ಹಾಕುವುದನ್ನು ಬಿಟ್ಟು ನಡುವಿನ ತುಂಡು ಕೊಡತೊಡಗಿದಳು. ಪಕ್ಕದ ಮನೆಯವರು ರಾತ್ರೋರಾತ್ರಿ ಬಚ್ಚಲ ನೀರನ್ನು ಹಿತ್ತಲಿಗೆ ತಿರುಗಿಸಿಕೊಂಡರು. ಜಗಲಿಯಲ್ಲಿ ಗಂಡಂದಿರ ಮಾತು ಬಂದಾಗ ಎಲ್ಲರೂ ಇವಳ ಕಡೆ ನೋಡುತ್ತಿದ್ದರು. ಪೇಚಿಯಮ್ಮಾಳಿಗೆ ಒಳಗೊಳಗೇ ಒಂಚೂರು ಹೆಮ್ಮೆಯಾದದ್ದೂ ಉಂಟು. ಆದರೆ ಕತ್ತಲಾದ ಮೇಲೆ ಆ ಖಾಲಿ ಮಂಚ, ಗೋಡೆಯ ಮೇಲೆ ಯಾರ ಭಯವೂ ಇಲ್ಲದೆ ಓಡಾಡುವ ಹಲ್ಲಿ ನೋಡುವಾಗ ಹೆಮ್ಮೆಯೆಲ್ಲ ಎಲ್ಲಿಗೋ ಹೋಗಿಬಿಡುತ್ತಿತ್ತು. ಕೂಗುವವರಿಲ್ಲದೆ ಮನೆ ಬಿಕೋ ಎನ್ನುತ್ತಿತ್ತು.

ಬಂಧನಕ್ಕೆ ಕಾರಣಗಳನ್ನು ಬರೆದ ದಪ್ಪನೆಯ ಪುಸ್ತಕವೊಂದನ್ನು ಸರ್ಕಾರವೇ ಕೊಟ್ಟಿತ್ತು. ಬೀಡಿ ಕಟ್ಟುವಾಗ ಒಬ್ಬರು ಏನಾದರೂ ಓದುವುದು, ಉಳಿದವರು ಕೇಳುವುದು ಆ ಜಗಲಿಯ ಪದ್ಧತಿ. ವಾರಪತ್ರಿಕೆಯ ಧಾರಾವಾಹಿ ನಿಲ್ಲಿಸಿ ಹೆಂಗಸರು ಇದನ್ನೇ ಓದಿಸಿದರು. ವರಸೆಯಲ್ಲಿ ನಾದಿನಿಯಾಗಬೇಕಾದ ಚೆಲ್ಲತ್ತಾಯಿ ಕನ್ನಡಕ ಏರಿಸಿ ಶುರುಮಾಡಿದಳು. 'ನಾನು ಈ ಸೀಮೆಗೇ ದೊಡ್ಡ ರೌಡಿ, ಯಾವನಾದರೂ ಹತ್ತಿರ ಬಂದರೆ ಕಡಿದು ತುಂಡು ಮಾಡುತ್ತೇನೆ ಎಂದು ಅಬ್ಬರಿಸಿದನು' ಎಂಬಲ್ಲಿಗೆ ಬಂದಾಗ ಹೆಂಗಸರು ನಕ್ಕ ನಗೆಗೆ ಮೊರದ ತಂಬಾಕೆಲ್ಲ ನೆಲದ ಪಾಲಾಯಿತು. 'ಪ್ರಾಣಭಯದಿಂದ ಓಡಿದ ಸಾರ್ವಜನಿಕರು ಬಸ್ಸು ಹತ್ತಿದರು' ಎಂಬಲ್ಲಿ ಒಬ್ಬಾಕೆ, ಓಡಿದವರಲ್ಲಿ ತಾನೂ ಇದ್ದೆ, ಪ್ರಾಣಭಯವಲ್ಲ, ಕಿಟಕಿಯ ಸೀಟಿಗಾಗಿ ಎಂದಳು.

ಆಮೇಲೆ ಚೆಲ್ಲತ್ತಾಯಿಯ ಧ್ವನಿ ಇಳಿಯಿತು.

"ಮದನಿ," ಎಂದು ಅತ್ತಿಗೆಯನ್ನು ಕರೆದಳು. "ಇಲ್ಲಿ ಬೇರೆ ಏನೋ ಇದೆ."

"ಓದು."

"'ಇವಳನ್ನು ಹೊರಗೆ ಬಿಟ್ಟರೆ ಮತ್ತೆ ತೋಪಿನಲ್ಲಿ ಕಳ್ಳಭಟ್ಟಿ ಕಾಯಿಸುವುದು ಖಚಿತವೆಂದು ನನಗೆ ಮನವರಿಕೆಯಾಗಿದೆ.' ಕೆಳಗೆ ಕಲೆಕ್ಟರ್ ಸಹಿ."

ಯಾರೂ ನಗಲಿಲ್ಲ. ಪೇಚಿಯಮ್ಮಾಳ್ ಕತ್ತರಿ ಕೆಳಗಿಟ್ಟಳು. ಇವಳು ಎಂದರೆ ಯಾವಳು? ತೋಪಿನಲ್ಲಿ ಗಂಡನಿಗೇನು ಕೆಲಸ? ಎಳನೀರು ಇಳಿಸಲು ತೋಪಿಗೆ ಹೋಗುತ್ತಿದ್ದದ್ದು ನಿಜ. ಒಂದೊಂದು ದಿನ ತಡವಾಗಿ ಬರುತ್ತಿದ್ದದ್ದೂ ನಿಜ. ನಾಯಿಗೆ ಹೆದರಿ ಸುತ್ತಿಬಂದೆ ಎನ್ನುತ್ತಿದ್ದ. ಇಷ್ಟು ವರ್ಷ ಅದನ್ನು ನಂಬಿದ ತಾನೆಂಥ ಪೆದ್ದಿ ಎನಿಸಿತು.

ಭೇಟಿಯ ದಿನ ಜೈಲಿನ ತಂತಿಬಲೆಯ ಈಚೆ ನಿಂತು ಅವಳು ಕೇಳಿದ ಮೊದಲ ಮಾತು "ಯಾರ್ರೀ ಅವಳು?" ಎಂಬುದಾಗಿತ್ತು.

ಸೊರಿಮುತ್ತು ಹಿಂದಕ್ಕೆ ತಿರುಗಿ ನೋಡಿದ. ಅಲ್ಲಿ ಯಾರೂ ಇರಲಿಲ್ಲ.

"ನಾಟಕ ಬೇಡ. ಭಟ್ಟಿ ಕಾಯಿಸೋಳು. ಕಲೆಕ್ಟರಿಗೇ ಗೊತ್ತಾಗಿದೆ. ಜಿಲ್ಲೆಗೆಲ್ಲ ಗೊತ್ತಾದ ಮೇಲೆ ಕಟ್ಟಿಕೊಂಡವಳಿಗೆ ಗೊತ್ತಾಗಬೇಕಾ?"

ಸೊರಿಮುತ್ತು ಊರಿನ ಸಾಸ್ತಾ ದೇವರ ಮೇಲೆ ಆಣೆ ಇಟ್ಟ, ಸತ್ತ ತಾಯಿಯ ಮೇಲೆ ಆಣೆ ಇಟ್ಟ. ಕೊನೆಗೆ ಅಳುವುದಕ್ಕೇ ಶುರುಮಾಡಿದ. ಆಗ ಅವನ ಹಿಂದಿನಿಂದ ಬೀರುವಿನಂಥ ಮನುಷ್ಯನೊಬ್ಬ ಬಂದು ಬಲೆಯ ಹತ್ತಿರ ಬಗ್ಗಿ ನಿಂತ. ಕೊಂಬನ್ ಇಸಕ್ಕಿ ಎಂದರೆ ಕಡಲತೀರದ ನಾಲ್ಕು ಊರಿನಲ್ಲಿ ಮಕ್ಕಳು ಅಳು ನಿಲ್ಲಿಸುತ್ತಿದ್ದ ಕಾಲ ಅದು. ಅವನೂ ಅದೇ ಕಾಯ್ದೆಯಲ್ಲಿ ಒಳಗಿದ್ದ.

"ಅಕ್ಕಾ, ಅಣ್ಣಾಚ್ಚೀನ ಅಳಿಸಬೇಡಿ," ಎಂದ ಬಹಳ ಮೆಲ್ಲಗೆ. "ರಾತ್ರಿಯೆಲ್ಲ ನಿದ್ದೆ ಮಾಡಲ್ಲ ಆಮೇಲೆ. ಹಲ್ಲಿ ಓಡಿಸೋಕೇ ನನಗೆ ಸಾಕಾಗುತ್ತೆ."

ಅವನ ಬಾಯಿಂದ ಪೇಚಿಯಮ್ಮಾಳಿಗೆ ಹಲವು ಸಂಗತಿಗಳು ತಿಳಿದವು. ಆ ಬ್ಲಾಕಿನಲ್ಲಿದ್ದವರೆಲ್ಲ ಒಬ್ಬರ ಪುಸ್ತಕ ಇನ್ನೊಬ್ಬರು ಓದಿಸಿಕೊಂಡಾಗ, 'ನಾನು ಈ ಸೀಮೆಗೇ ದೊಡ್ಡ ರೌಡಿ' ಎಂಬ ಮಾತನ್ನು ಪ್ರತಿಯೊಬ್ಬರೂ ಅಕ್ಷರ ತಪ್ಪದೆ ಆಡಿದ್ದಾರೆಂದು ಗೊತ್ತಾಗಿತ್ತಂತೆ. ಅವರಲ್ಲೊಬ್ಬ ಹುಟ್ಟು ಮೂಗ. ಒಬ್ಬರದ್ದನ್ನು ನೋಡಿ ಇನ್ನೊಬ್ಬರದ್ದನ್ನು ಕಾಪಿ ಹೊಡೆಯುತ್ತಾರೆ, ಯಾವಳೋ ಭಟ್ಟಿಯವಳದ್ದನ್ನು ಅಣ್ಣಾಚ್ಚಿಗೆ ಅಂಟಿಸಿದ್ದಾರೆ, ಅಷ್ಟೇ ಎಂದ ಕೊಂಬನ್. ಪೇಚಿಯಮ್ಮಾಳಿಗೆ ಅರ್ಧ ಸಮಾಧಾನವಾಯಿತು.

ಉಳಿದರ್ಧ ಜ್ಞಾನಸಿಗಾಮಣಿಯವರಿಂದ. ಆ ಸಾಲು ಓದಿದಾಗ ಬಾಯಲ್ಲಿದ್ದ ಪರೋಟಾ ನೆತ್ತಿಗೇರಿ, ಅವರು ಕೆಮ್ಮಿ ಕೆಮ್ಮಿ ಕಣ್ಣೊರೆಸಿಕೊಂಡರು.

"ತಾಯೀ, ನಿಮ್ಮ ಗಂಡನನ್ನ ಹೊರಗೆ ತರೋದು ಈ ಹೆಂಗಸೇ."

"ಯಾವ ಹೆಂಗಸಿನ ಉಪಕಾರವೂ ನಮಗೆ ಬೇಡ," ಎಂದಳು ಪೇಚಿಯಮ್ಮಾಳ್.

ಹೈಕೋರ್ಟಿಗೆ ಹಾಕುವ ಅರ್ಜಿಯ ಹೆಸರು ಹೇಬಿಯಸ್ ಕಾರ್ಪಸ್, ಹಿಡಿದಿಟ್ಟ ಆಳನ್ನು ತಂದು ನಿಲ್ಲಿಸಿ ಎಂದು ಕೇಳುವ ಅರ್ಜಿ ಎಂದು ಅವರು ಬಿಡಿಸಿ ಹೇಳಿದರು. ಅದು ಜಗಲಿಗೆ ಬರುವಷ್ಟರಲ್ಲಿ ಹೇಬಿಯಸ್ ಕಾಪಿ ಆಗಿತ್ತು. ಕಾಪಿ ಎಂದರೆ ಅಲ್ಲಿ ತಾಳೆಬೆಲ್ಲ ಹಾಕಿದ ಕಾಫಿ. ಹೈಕೋರ್ಟಿನಲ್ಲಿ ಕಾಫಿ ಕೊಟ್ಟು ಗಂಡನನ್ನು ಕಳಿಸುತ್ತಾರಂತೆ ಎಂದು ಸುದ್ದಿ ಹಬ್ಬಿತು.

ಅದಕ್ಕೂ ಮೊದಲು ಸಲಹಾ ಮಂಡಳಿ ಎಂಬುದೊಂದು ಇತ್ತು. ಚೆನ್ನೈಯಲ್ಲಿ ಮೂವರು ಹಿರಿಯರು ಕೂತು, ಒಳಗಿರುವವನನ್ನೂ ಕರೆಸಿ ಕೇಳಿ, ಹಿಡಿದಿಟ್ಟದ್ದಕ್ಕೆ ಸಾಕಷ್ಟು ಕಾರಣವಿದೆಯೇ ಎಂದು ನೋಡುತ್ತಾರೆ. ಅಲ್ಲಿ ವಕೀಲರಿಗೆ ಪ್ರವೇಶವಿಲ್ಲ, ಬೇಕಾದರೆ ನೆಂಟರೊಬ್ಬರು ಜೊತೆಗಿರಬಹುದು. ಜ್ಞಾನಸಿಗಾಮಣಿ ಪೇಚಿಯಮ್ಮಾಳಿಗೆ ಹೇಳಿಕೊಟ್ಟು ಕಳಿಸಿದರು. ಆ 'ಇವಳು' ಎಂಬ ಮಾತನ್ನು ಎತ್ತಿ ತೋರಿಸಿ ಸಾಕು, ಮಿಕ್ಕದ್ದನ್ನು ಅವರೇ ನೋಡಿಕೊಳ್ಳುತ್ತಾರೆ ಎಂದು. ಆದರೆ ಮೂವರು ದೊಡ್ಡ ಮನುಷ್ಯರ ಎದುರು ತನ್ನ ಗಂಡನ ಪಕ್ಕಕ್ಕೆ ಇನ್ನೊಬ್ಬಳ ಹೆಸರು ತರಲು ಅವಳಿಗೆ ನಾಲಿಗೆ ಏಳಲಿಲ್ಲ.

ನಡುವೆ ಕೂತಿದ್ದ ಹಿರಿಯರು ಬಹಳ ಒಳ್ಳೆಯವರ ಹಾಗೆ ಕಾಣುತ್ತಿದ್ದರು. ಕಿವಿ ಸ್ವಲ್ಪ ಮಂದ.

"ಕಡೀತೀನಿ ಅಂತ ಹೇಳಿದ್ದು ನಿಜವೇನಪ್ಪಾ?"

"ನಿಜ, ಐಯಾ," ಎಂದ ಸೊರಿಮುತ್ತು. ಸುಳ್ಳು ಹೇಳಬಾರದೆಂದು ಅವನ ತಾಯಿ ಕಲಿಸಿದ್ದಳು.

"ಒಂದೇ ಸಲ ಅಂದೆಯೋ?"

"ದಿನಕ್ಕೆ ಐವತ್ತು ಅರವತ್ತು ಸಲ, ಐಯಾ. ಬಿಸಿಲು ಕಾಲದಲ್ಲಿ ನೂರು ದಾಟುತ್ತೆ."

ಬರೆದುಕೊಳ್ಳುತ್ತಿದ್ದವರ ಪೆನ್ನು ನಿಂತಿತು. ಪೇಚಿಯಮ್ಮಾಳ್ ಗಂಡನ ಕಾಲು ತುಳಿದಳು. ಬಲಗಡೆಯ ಹಿರಿಯರು ಹೆಂಗಸರಿಗೂ ಹೀಗೇ ಹೇಳುತ್ತೀಯೇನು ಎಂದು ಕೇಳಿದರು.

"ನಾನು ಭೇದ ಮಾಡಲ್ಲ, ಐಯಾ. ಬಸುರಿಯರು ಬಂದ್ರೆ ಮಾತ್ರ ಎಳೇದು ನೋಡಿ, ಒಂದೇ ಏಟಿಗೆ ಕಡೀತೀನಿ."

ಸರ್ಕಾರ ಕೊಟ್ಟಿದ್ದ ಅಷ್ಟು ದಪ್ಪ ಪುಸ್ತಕದಲ್ಲಿ ಎಳನೀರು ಎಂಬ ಶಬ್ದ ಒಂದು ಕಡೆಯೂ ಇರಲಿಲ್ಲ. ಇದು ಪೇಚಿಯಮ್ಮಾಳಿಗೆ ಆಗ ಹೊಳೆಯಿತು. ಕುರ್ಚಿಯಿಂದ ಎದ್ದು, "ಎಳನೀರು, ಐಯಾ! ಎಳನೀರು!" ಎಂದಳು.

ನಡುವಿನ ಹಿರಿಯರು ಕರುಣೆಯಿಂದ ಕೈ ಆಡಿಸಿದರು. "ಬೇಡಮ್ಮಾ. ಈಗಷ್ಟೇ ಕಾಫಿ ಆಯ್ತು."

ಮುಂದಿನವರನ್ನು ಕರೆದರು. ಕೆಲವೇ ದಿನಗಳಲ್ಲಿ ಬಂಧನಕ್ಕೆ ಸಾಕಷ್ಟು ಕಾರಣವಿದೆ ಎಂಬ ಅಭಿಪ್ರಾಯ ಬಂತು. ಅದು ತಿಳಿದ ದಿನ ಪೇಚಿಯಮ್ಮಾಳ್ ರಾತ್ರಿಯಿಡೀ ತನ್ನನ್ನೇ ಬೈದುಕೊಂಡಳು. ನಾಚಿಕೆ ಬಿಟ್ಟು ಆ ಭಟ್ಟಿಯವಳ ಮಾತು ಎತ್ತಿದ್ದರೆ ಗಂಡ ಪಕ್ಕದಲ್ಲಿ ಕೂತಿರುತ್ತಿದ್ದ. ಇನ್ನು ಮುಂದೆ ಯಾರ ಎದುರಿಗೂ ನಾಚುವುದಿಲ್ಲ ಎಂದು ಅಂದುಕೊಂಡಳು.

ಮದುರೆಯ ಹೈಕೋರ್ಟ್ ಪೀಠದಲ್ಲಿ ಅರ್ಜಿ ಕೂಗುವ ಹೊತ್ತಿಗೆ ಮಳೆಗಾಲ ಮುಗಿದಿತ್ತು, ಚುನಾವಣೆಯೂ ಮುಗಿದಿತ್ತು. ಅರ್ಜಿದಾರಳು ಪೇಚಿಯಮ್ಮಾಳೇ. ಹೊಸ ಸೀರೆ ಉಟ್ಟು, ಡಬ್ಬಿಯಲ್ಲಿ ಗಂಡನಿಗೆಂದು ಪುಳಿಯೋಗರೆ ಕಟ್ಟಿಕೊಂಡು, ಹಿಂದಿನ ಬೆಂಚಿನಲ್ಲಿ ಕೂತಿದ್ದಳು. ಮೇಲೆ ಇಬ್ಬರು ನ್ಯಾಯಮೂರ್ತಿಗಳು. ಒಬ್ಬರು ನೆಗಡಿಯಾದ ವಯಸ್ಸಾದವರು, ಇನ್ನೊಬ್ಬರು ಚುರುಕಾದ ಹೆಂಗಸು.

ಜ್ಞಾನಸಿಗಾಮಣಿ ಮನುಷ್ಯನ ಸ್ವಾತಂತ್ರ್ಯ ಎಂಥದು ಎಂಬುದನ್ನು ಪಾಂಡ್ಯ ರಾಜರ ಕಾಲದಿಂದ ಹಿಡಿದುಕೊಂಡು ಬಂದರು. ಸೇತುಪತಿ ರಾಜರ ಕಾಲ ತಲುಪುವಷ್ಟರಲ್ಲಿ ಹಿರಿಯ ನ್ಯಾಯಮೂರ್ತಿಗಳು ಸೀನಿ, ಪುಟ ಯಾವುದು ಎಂದು ಕೇಳಿದರು. ಅವರು ಪುಟ ತೋರಿಸಿದರು. ಹೆಂಗಸು ನ್ಯಾಯಮೂರ್ತಿಗಳು ಅದನ್ನು ಎರಡು ಸಲ ಓದಿ, ಸರ್ಕಾರದ ವಕೀಲರ ಕಡೆ ತಿರುಗಿದರು.

"ಈ ಇವಳು ಯಾರು?"

"ಅಚ್ಚಿನ ತಪ್ಪು, ಮೈ ಲಾರ್ಡ್."

"ಯಾವುದು ಅಚ್ಚಿನ ತಪ್ಪು? ಹೆಂಗಸಾಗಿದ್ದಾ, ಕಳ್ಳಭಟ್ಟಿನಾ?"

ಸರ್ಕಾರದ ವಕೀಲರು ಯೋಚಿಸಿ, "ಎರಡೂ," ಎಂದರು.

"ಕೆಳಗಿನ ಸಹಿ?" ಎಂದರು ಹಿರಿಯರು ಕರವಸ್ತ್ರದೊಳಗಿಂದ. "ಅದೂ ಅಚ್ಚಿನ ತಪ್ಪೋ?"

ಆಮೇಲೆ ಬಸ್ಸಿನ ಮಾತು ಬಂತು. ಹೆದರಿ ಓಡಿದವರು ಬಸ್ಸು ಹತ್ತಿದ್ದೇಕೆ, ಹತ್ತಿದ ಮೇಲೆ ಟಿಕೆಟ್ ತೆಗೆದುಕೊಂಡರೇ ಎಂದು ಅವರು ಕೇಳಿದಾಗ ಸರ್ಕಾರದ ವಕೀಲರು ವಿಚಾರಿಸಿ ತಿಳಿಸುವುದಾಗಿ ಹೇಳಿದರು. ಈ ಮನುಷ್ಯನ ಕಸುಬೇನು ಎಂಬ ಪ್ರಶ್ನೆಗೆ ಅವರ ಫೈಲಿನಲ್ಲಿ ಉತ್ತರವಿರಲಿಲ್ಲ. ಹಿಂದಿನ ಬೆಂಚಿನಿಂದ ಪೇಚಿಯಮ್ಮಾಳ್ ಎದ್ದು ನಿಂತು, ಈ ಸಲ ಅವಸರವಿಲ್ಲದೆ, ಒಂದೊಂದೇ ಮಾತಾಗಿ ಹೇಳಿದಳು.

"ಎಳನೀರು ಮಾರ್ತಾರೆ, ತಾಯೀ. ಕಡೀಲಾ ಅಂತ ಕೇಳಿ, ಕಡಿದು ಕೊಡ್ತಾರೆ. ಬೇಡ ಅಂದ್ರೆ ಕಡಿಯಲ್ಲ."

ಹಿರಿಯ ನ್ಯಾಯಮೂರ್ತಿಗಳಿಗೆ ಸೀನು ಬಂತೋ ನಗು ಬಂತೋ ಯಾರಿಗೂ ತಿಳಿಯಲಿಲ್ಲ, ಬಹಳ ಹೊತ್ತು ಕರವಸ್ತ್ರ ಇಳಿಸಲಿಲ್ಲ.

ಇಳಿಸಿದ ಮೇಲೆ ಅವರು ಹೇಳಿದ್ದು ನಗುವ ಮಾತಾಗಿರಲಿಲ್ಲ. ತಪ್ಪು ಮಾಡಿದವನನ್ನು ಶಿಕ್ಷಿಸಲು ವಿಚಾರಣೆಯಿದೆ, ಸಾಕ್ಷಿಯಿದೆ, ವಾದವಿದೆ. ಇನ್ನೂ ಮಾಡದ ತಪ್ಪಿಗೆ ಒಬ್ಬನನ್ನು ಕೂಡಿಹಾಕುವಾಗ ಅದಾವುದೂ ಇರುವುದಿಲ್ಲ. ಇರುವುದು ಒಬ್ಬ ಅಧಿಕಾರಿಯ ಮನವರಿಕೆ ಮಾತ್ರ. ಆ ಮನವರಿಕೆಯೂ ಇನ್ನೊಬ್ಬರದ್ದನ್ನು ನೋಡಿ ಬರೆದದ್ದಾದರೆ ಉಳಿಯುವುದೇನು? ಎದುರಿಗಿರುವುದು ಗಂಡೋ ಹೆಣ್ಣೋ ಎಂದೂ ನೋಡದೆ ಸಹಿ ಬಿದ್ದಿದೆ. ಇನ್ನು ಹೇಳಿದ್ದೆಲ್ಲ ನಿಜವೆಂದೇ ಇಟ್ಟುಕೊಂಡರೂ, ಒಬ್ಬ ಪ್ರಯಾಣಿಕ ಬೆಚ್ಚಿಬಿದ್ದದ್ದು ಠಾಣೆಯಲ್ಲೇ ಮುಗಿಯಬೇಕಾದ ಸಂಗತಿ, ಅದರಿಂದ ಊರಿನ ಬದುಕೇನೂ ಅಲುಗಾಡಲಿಲ್ಲ. ಬಂಧನದ ಆದೇಶ ರದ್ದು, ಬೇರೆ ಕೇಸಿನಲ್ಲಿ ಬೇಕಾಗಿಲ್ಲದಿದ್ದರೆ ತಕ್ಷಣ ಬಿಡಬೇಕು.

ಇದರಲ್ಲಿ ಅರ್ಧ ಇಂಗ್ಲಿಷಿನಲ್ಲಿತ್ತು. ಮುಂದಿನ ಕೇಸು ಕೂಗಿದರು, ಅದರ ಮುಂದಿನದನ್ನೂ ಕೂಗಿದರು. ಪೇಚಿಯಮ್ಮಾಳ್ ಡಬ್ಬಿ ಮಡಿಲಲ್ಲಿಟ್ಟುಕೊಂಡು ಬಾಗಿಲನ್ನೇ ನೋಡುತ್ತ ಕೂತೇ ಇದ್ದಳು. ಊಟಕ್ಕೆ ಕೋರ್ಟು ಎದ್ದಾಗ ಜ್ಞಾನಸಿಗಾಮಣಿ ಅವಳನ್ನು ಹುಡುಕಿಕೊಂಡು ಬಂದರು.

"ಏನ್ ತಾಯೀ, ಇನ್ನೂ ಇಲ್ಲೇ? ಗೆದ್ದಾಯ್ತಲ್ಲ."

"ಆಳನ್ನ ತಂದು ನಿಲ್ಲಿಸ್ತಾರೆ ಅಂದ್ರಲ್ಲ, ಐಯಾ. ಎಲ್ಲಿ?"

ಆಳು ಇಲ್ಲಿಗೆ ಬರುವುದಿಲ್ಲ, ಕಾಗದ ಅಲ್ಲಿಗೆ ಹೋಗುತ್ತದೆ ಎಂದು ಅವರು ತಿಳಿಸಿ ಹೇಳಿದರು. ಹೇಳುತ್ತಿರುವಾಗ ಕಣ್ಣು ಡಬ್ಬಿಯ ಮೇಲೇ ಇತ್ತು. ಪೇಚಿಯಮ್ಮಾಳ್ ಮುಚ್ಚಳ ತೆಗೆದಳು. ಕೋರ್ಟಿನ ಹುಣಸೆಮರದ ಕೆಳಗೆ ಇಬ್ಬರೂ ಕೂತು ಪುಳಿಯೋಗರೆ ತಿಂದರು.

ಸೊರಿಮುತ್ತು ಜೈಲಿನಿಂದ ಹೊರಬಂದಾಗ ಸ್ವಲ್ಪ ದಪ್ಪಗಾಗಿದ್ದ. ಒಳಗಿನವರು ತಮ್ಮ ಪಾಲಿನ ಮೊಟ್ಟೆ ಕೊಟ್ಟು ಸಾಕಿದ್ದರಂತೆ. ಹೆಂಡತಿಯನ್ನು ಕಂಡದ್ದೇ, ಮನೆಯಲ್ಲಿ ಎಲ್ಲ ಸೌಖ್ಯವೇ ಎಂದು ಕೇಳಿದ. ಪೇಚಿಯಮ್ಮಾಳಿಗೆ ಬೈಯಬೇಕೆನಿಸಿತು. ಅವನ ಕೈಯಲ್ಲಿದ್ದ ಗಂಟು ಕಿತ್ತುಕೊಂಡು ಬಸ್ಸಿನ ಕಡೆ ನಡೆದಳು. ಬಸ್ಸಿನಲ್ಲಿ ಅವನು ಅವಳ ಭುಜಕ್ಕೆ ತಲೆಯಿಟ್ಟು ಬಾಯಿ ತೆರೆದುಕೊಂಡು ನಿದ್ದೆ ಹೋದ. ನಾಲ್ಕು ಜನ ನೋಡುತ್ತಿದ್ದರೂ ಅವಳು ಸರಿಯಲಿಲ್ಲ.

ವ್ಯಾಪಾರ ಮೊದಲಿಗಿಂತ ಚೆನ್ನಾಯಿತು. ಹೈಕೋರ್ಟಿನವರೆಗೆ ಹೋದ ಎಳನೀರು ಎಂದು ಪಕ್ಕದ ಊರಿನವರೂ ಬಂದು ಕುಡಿದರು. ಮಾರ್ತಾಂಡ ವರ್ಗವಾಗಿ ಹೋಗುವ ಮುಂಚೆ ಜೀಪು ನಿಲ್ಲಿಸಿ ಒಂದು ಕುಡಿದು, ಸಿಹಿಯಾಗಿದೆ ಎಂದನಂತೆ. ಅಕ್ಕಪಕ್ಕದ ಮರ್ಯಾದೆ ಮಾತ್ರ ನಿಲ್ಲಲಿಲ್ಲ. ಗೂಂಡಾ ಅಲ್ಲ ಎಂದು ಕೋರ್ಟೇ ಹೇಳಿದ ಮೇಲೆ ಮೀನಿನವಳು ಮತ್ತೆ ತಲೆ-ಬಾಲಕ್ಕೆ ಇಳಿದಳು.

ಒಂದು ದಿನ ಬಾಗಿದ ಬೆನ್ನಿನ ಮುದುಕಿಯೊಬ್ಬಳು ಒಣಮೀನಿನ ಪೊಟ್ಟಣ ಹಿಡಿದು, "ಹೇಬಿಯಸ್ ಕಾಪಿ ಅಕ್ಕನ ಮನೆ ಯಾವುದು?" ಎಂದು ಕೇಳಿಕೊಂಡು ಬಂದಳು. ಕೊಂಬನ್ ಇಸಕ್ಕಿಯ ತಾಯಿ. ಪೇಚಿಯಮ್ಮಾಳ್ ಅವಳನ್ನು ಕರೆದುಕೊಂಡು ಪರೋಟಾ ಅಂಗಡಿಯ ಮಹಡಿ ಹತ್ತಿದಳು. ಕೊಂಬನ ಪುಸ್ತಕದಲ್ಲಿ 'ಇವಳು' ಎಂಬ ಮಾತೂ ಇರಲಿಲ್ಲ, ಬಸ್ಸೂ ಇರಲಿಲ್ಲ. ಬರೆದದ್ದರಲ್ಲಿ ಬಹುಪಾಲು ನಿಜವೇ ಇತ್ತು. ಆದರೆ ಮುದುಕಿ ಸರ್ಕಾರಕ್ಕೆ ಕಳಿಸಿದ್ದ ಮನವಿಯನ್ನು ಯಾರೂ ತೆರೆದೇ ನೋಡಿರಲಿಲ್ಲ, ಅದು ಯಾರದೋ ಮೇಜಿನ ಮೇಲೆ ತಿಂಗಳುಗಟ್ಟಲೆ ಬಿದ್ದಿತ್ತು. ಆ ಒಂದು ಕಾರಣಕ್ಕೇ ಹೈಕೋರ್ಟು ಅವನನ್ನೂ ಬಿಟ್ಟಿತು.

ಪೇಚಿಯಮ್ಮಾಳಿಗೆ ಇದು ಸರಿಯೆನಿಸಲಿಲ್ಲ. ಮದುರೆಯಿಂದ ಬರುವ ಬಸ್ಸಿನಲ್ಲಿ ಕೇಳಿಯೇಬಿಟ್ಟಳು.

"ನಮ್ಮೋರು ಏನೂ ಮಾಡಿರ್ಲಿಲ್ಲ, ಬಿಟ್ರು. ಇವನು ಮಾಡಿದಾನಲ್ಲ, ವಕೀಲರೈಯಾ?"

"ಮಾಡಿದ್ದಕ್ಕೆ ಕೇಸು ನಡೀತಿದೆ, ಅದು ನಡೀಲಿ," ಎಂದರು ಅವರು. "ಆದ್ರೆ ಕೇಸೇ ಇಲ್ಲದೆ ಕೂಡಿಹಾಕಿದ ಮೇಲೆ, ಅವನ ತಾಯಿ ಬರೆದ ಕಾಗದ ಓದೋಕೂ ಪುರುಸೊತ್ತಿಲ್ಲ ಅಂದ್ರೆ ಹೇಗೆ? ಒಳ್ಳೇವ್ರಿಗೊಂದು, ಕೆಟ್ಟೋರಿಗೊಂದು ಅಂತ ಕಾಯ್ದೆ ಮಾಡಿದ್ರೆ, ನಿಮ್ಮ ಯಜಮಾನರು ಯಾವ ಕಡೆ ಅಂತ ಹೇಳೋರು ಯಾರು? ಮಾರ್ತಾಂಡನೇ ತಾನೇ?"



ಹೊರಬಂದ ಮರುವಾರ ಕೊಂಬನ್ ಅವರ ಮನೆಗೆ ಬಂದ. ಬಾಗಿಲಲ್ಲಿ ಬಗ್ಗಿ ನುಗ್ಗಿ, ಗೋಡೆಗೊರಗಿ, ಮದುವೆ ಹುಡುಗನ ಹಾಗೆ ನಾಚಿಕೊಂಡು ಕೂತ. ಪೇಚಿಯಮ್ಮಾಳ್ ಇಡಿಯಪ್ಪ, ಸೊದಿ ಬಡಿಸಿದಳು. ಬಡಿಸುತ್ತಲೇ, ಇನ್ನೊಮ್ಮೆ ಒಳಗೆ ಹೋದರೆ ತಾನು ಮದುರೆಗೆ ಬರುವುದಿಲ್ಲ ಎಂದೂ ಹೇಳಿದಳು. ಅವನು ತಲೆಯಾಡಿಸಿ ಇನ್ನೂ ನಾಲ್ಕು ಇಡಿಯಪ್ಪ ಹಾಕಿಸಿಕೊಂಡ. ಆಮೇಲೆ ತಿರುಪ್ಪೂರಿನ ಬನಿಯನ್ ಕಂಪನಿ ಸೇರಿದ ಎಂದು ಕೆಲವರು ಹೇಳುತ್ತಾರೆ. ಕೆಲವರು ಬೇರೆ ಹೇಳುತ್ತಾರೆ.

ಆ ದಿನ ಅವನು ಊಟ ಮುಗಿಸಿ ಎಲೆ ಎತ್ತುವಷ್ಟರಲ್ಲಿ ಜಗಲಿಯಲ್ಲಿ ಮತ್ತೊಬ್ಬಳು ಬಂದು ಕೂತಿದ್ದಳು. ಸೊಂಟದಲ್ಲಿ ಮಗು, ಕೈಯಲ್ಲಿ ಅದೇ ದಪ್ಪನೆಯ ಪುಸ್ತಕ. ಮೊದಲು ಊಟ ಮಾಡು, ಆಮೇಲೆ ಓದೋಣ ಎಂದು ಪೇಚಿಯಮ್ಮಾಳ್ ಅವಳಿಗೂ ಎಲೆ ಹಾಕಿದಳು. ಚೆಲ್ಲತ್ತಾಯಿಯನ್ನು ಕನ್ನಡಕ ತರಲು ಕಳಿಸಿದಳು.